ಕುತ್ತಿಗೆ ಮುರಿದರೂ ಹಿಡಿತ ಬಿಡದ ಎಮ್ಲೆನ್ ಟನೆಲ್



ನಮ್ಮ ಗೋಡೆ ಪತ್ರಿಕೆಯ ಈ ಜಾಗದಲ್ಲಿ ರಾಯಣ್ಣ, ಚೆನ್ನಮ್ಮ, ಗಾಂಧೀಜಿ, ವಿಶ್ವೇಶ್ವರಯ್ಯ ಇವರ ಚರಿತ್ರೆ ಬರುತ್ತದೆ. ಬರಲೇಬೇಕು. ಸಂಗೊಳ್ಳಿಯಾಗ ಇದ್ದು ರಾಯಣ್ಣನ ಬಗ್ಗೆ ಬರೀಲಿಲ್ಲ ಅಂದ್ರ ಹೆಂಗ? ಆದರೆ ಈ ಸಲ ನಾನು ದೂರದ ದೇಶದ ಒಬ್ಬ ಆಟಗಾರನ ಜೀವನ ಬರೆದಿದ್ದೇನೆ. ಅಮೆರಿಕದಲ್ಲಿ ಆತನ ಹೆಸರು ದೊಡ್ಡದು. ನಮ್ಮ ಕಡೆ ಮಾತ್ರ ಆ ಆಟವೇ ಗೊತ್ತಿಲ್ಲ. ಅದಕ್ಕೆ ಮೊದಲು ಆಟ ಹೇಳಿ, ಆಮೇಲೆ ಆತನ ಕಥೆ ಹೇಳುತ್ತೇನೆ.

ಅಮೆರಿಕದವರು ಫುಟ್‌ಬಾಲ್ ಎಂದು ಕರೆಯುವ ಆಟ ನಾವು ಆಡುವ ಫುಟ್‌ಬಾಲ್ ಅಲ್ಲ. ಚೆಂಡು ಗುಂಡಗಿರದೆ ಮೊಟ್ಟೆಯ ಹಾಗೆ ಉದ್ದಗಿರುತ್ತದೆ. ಕಾಲಿಗಿಂತ ಕೈಯ ಕೆಲಸವೇ ಜಾಸ್ತಿ. ಒಂದೊಂದು ಕಡೆ 11 ಮಂದಿ. ಅಂಗಳ 100 ಗಜ ಉದ್ದ. ಚೆಂಡು ಸಿಕ್ಕ ತಂಡ ಅದನ್ನು ಹೊತ್ತು ಓಡಿ ಇಲ್ಲವೇ ತಮ್ಮವನಿಗೆ ಎಸೆದು ಮುಂದೆ ಮುಂದೆ ಹೋಗಬೇಕು. ನಾಲ್ಕು ಪ್ರಯತ್ನದಲ್ಲಿ 10 ಗಜ ದಾಟದಿದ್ದರೆ ಚೆಂಡು ಎದುರಿನವರಿಗೆ. ಎದುರಿನವರು ಸುಮ್ಮನೆ ಬಿಡುವುದಿಲ್ಲ, ಮೈಮೇಲೆ ಬಿದ್ದು ಕೆಡವುತ್ತಾರೆ. ಹೀಗೆ ತಡೆಯುವವರಲ್ಲಿ ಎಲ್ಲರಿಗಿಂತ ಹಿಂದೆ ನಿಲ್ಲುವವರಿಗೆ ಡಿಫೆನ್ಸಿವ್ ಬ್ಯಾಕ್ ಎನ್ನುತ್ತಾರೆ. ಮುಂದಿನವರೆಲ್ಲ ಸೋತರೆ ಕೊನೆಗೆ ಉಳಿಯುವವರು ಇವರೇ. ಇವರನ್ನೂ ದಾಟಿದರೆ ಮುಗೀತು. ಎದುರಿನವರು ಎಸೆದ ಚೆಂಡನ್ನು ಗಾಳಿಯಲ್ಲೇ ಇವರು ಕಸಿದುಕೊಂಡರೆ ಅದಕ್ಕೆ ಇಂಟರ್‌ಸೆಪ್ಷನ್ ಎಂದು ಹೆಸರು.

ನಾನು ಕಬಡ್ಡಿಯಲ್ಲಿ ಮೂಲೆಗೆ ನಿಲ್ಲುವವ. ರೇಡ್ ಮಾಡಿ ಬಂದವನಿಗೆ ಸಿಳ್ಳೆ, ಹಿಡಿದವನಿಗೆ ಮೈತುಂಬ ಮಣ್ಣು! ಅದಕ್ಕೇ ಈ ಟನೆಲ್ ನನಗೆ ಬಹಳ ಹಿಡಿಸಿದ.

ಎಮ್ಲೆನ್ ಟನೆಲ್ ಹುಟ್ಟಿದ್ದು 1924ರ ಮಾರ್ಚ್ 29ರಂದು, ಪೆನ್ಸಿಲ್ವೇನಿಯಾ ರಾಜ್ಯದಲ್ಲಿ. ಬೆಳೆದದ್ದು ಫಿಲಡೆಲ್ಫಿಯಾ ನಗರದ ಹತ್ತಿರ ಗ್ಯಾರೆಟ್ ಹಿಲ್ ಎಂಬಲ್ಲಿ. ತಾಯಿ ಮಂದಿ ಮನೆಗೆಲಸ ಮಾಡಿ ಮಕ್ಕಳನ್ನು ಸಾಕಿದಳು. ಆತ ಕಪ್ಪು ಜನಾಂಗದವನು. ಆ ಕಾಲದ ಅಮೆರಿಕದಲ್ಲಿ ಕಪ್ಪು ಜನರಿಗೆ ಎಷ್ಟೋ ಬಾಗಿಲು ಮುಚ್ಚಿದ್ದವು. ದೊಡ್ಡ ವೃತ್ತಿಪರ ಫುಟ್‌ಬಾಲ್ ಲೀಗ್‌ನಲ್ಲಿ 1934ರಿಂದ 1945ರವರೆಗೆ ಒಬ್ಬನೇ ಒಬ್ಬ ಕಪ್ಪು ಆಟಗಾರ ಇರಲಿಲ್ಲ ಅಂದ್ರ ನೀವೇ ವಿಚಾರ ಮಾಡ್ರಿ.

1942ರಲ್ಲಿ ಟೊಲೆಡೊ ವಿಶ್ವವಿದ್ಯಾಲಯದ ಪರವಾಗಿ ಆಡುವಾಗ ಟನೆಲ್‌ನ ಕುತ್ತಿಗೆಯ ಎಲುಬು ಮುರಿಯಿತು. ಇನ್ನು ಫುಟ್‌ಬಾಲ್ ಆಡುವಂತಿಲ್ಲವೆಂದು ತಿಳಿಸಿದರು. ಬೇರೆ ಯಾರಾದರೂ ಆಗಿದ್ದರೆ ಹಾಸಿಗೆ ಹಿಡಿಯುತ್ತಿದ್ದರು. ಈತ ಅದೇ ಚಳಿಗಾಲದಲ್ಲಿ ಬಾಸ್ಕೆಟ್‌ಬಾಲ್ ಆಡಿದ. 1943ರಲ್ಲಿ ಟೊಲೆಡೊ ತಂಡ ರಾಷ್ಟ್ರೀಯ ಪಂದ್ಯಾವಳಿಯ ಫೈನಲ್ ಮುಟ್ಟಿತು.

ಆಗ ಎರಡನೇ ಮಹಾಯುದ್ಧ ನಡೆದಿತ್ತು. ಟನೆಲ್ ಸೈನ್ಯಕ್ಕೆ ಹೋದ, ಕುತ್ತಿಗೆ ನೋಡಿ ಬೇಡ ಎಂದರು. ನೌಕಾದಳಕ್ಕೆ ಹೋದ, ಅಲ್ಲಿಯೂ ಬೇಡ. ಕೊನೆಗೆ 1943ರಲ್ಲಿ ಕರಾವಳಿ ಕಾವಲು ಪಡೆಯವರು ಸೇರಿಸಿಕೊಂಡರು. ಅಲ್ಲಿ ಕಪ್ಪು ಹುಡುಗರಿಗೆ ಹೆಚ್ಚಾಗಿ ಕೊಡುತ್ತಿದ್ದ ಕೆಲಸವೆಂದರೆ ಅಧಿಕಾರಿಗಳಿಗೆ ಊಟ ಬಡಿಸುವುದು. ಈತನಿಗೂ ಅದೇ ಸಿಕ್ಕಿತು. ಹಡಗಿನ ಮೇಲೆ ಏನೇನಾಯಿತು ಎಂಬುದನ್ನು ಕೊನೆಗೆ ಹೇಳುತ್ತೇನೆ, ಯಾಕಂದ್ರ ಸರಕಾರವೂ ಅದನ್ನು ಬಹಳ ತಡವಾಗಿಯೇ ಹೇಳಿತು.

1946ರಲ್ಲಿ ಬಿಡುಗಡೆಯಾಗಿ ಅಯೋವಾ ವಿಶ್ವವಿದ್ಯಾಲಯ ಸೇರಿ ಮತ್ತೆ ಫುಟ್‌ಬಾಲ್ ಆಡಿದ. ಅದೇ ಕುತ್ತಿಗೆ! 1948ರಲ್ಲಿ ವೃತ್ತಿಪರ ತಂಡಗಳು ಕಾಲೇಜು ಆಟಗಾರರನ್ನು ಆರಿಸಿಕೊಂಡಾಗ ಟನೆಲ್‌ನನ್ನು ಯಾರೂ ಕರೆಯಲಿಲ್ಲ. ಕರೆಯದಿದ್ದರೆ ಏನಾಯಿತು, ತಾನೇ ಹೋದ. ನ್ಯೂಯಾರ್ಕ್ ತನಕ ಹೋಗಲು, ನಮ್ಮವರು ಬೈಲಹೊಂಗಲಕ್ಕೆ ಟೆಂಪೊ ಕೈಮಾಡಿ ಹತ್ತುವಂತೆ, ಬಾಳೆಹಣ್ಣು ಹೇರಿದ ಒಂದು ಲಾರಿ ಹತ್ತಿದ. ನೇರವಾಗಿ ನ್ಯೂಯಾರ್ಕ್ ಜೈಂಟ್ಸ್ ತಂಡದ ಆಫೀಸಿಗೆ ಹೋಗಿ ಆಡಲು ಅವಕಾಶ ಕೇಳಿದ. ಆ ತಂಡದಲ್ಲಿ ಅಲ್ಲಿಯವರೆಗೆ ಕಪ್ಪು ಜನಾಂಗದ ಆಟಗಾರ ಒಬ್ಬನೂ ಆಡಿರಲಿಲ್ಲ. ಮಾಲೀಕ ಟಿಮ್ ಮಾರಾ ಅವರು ಈ ಹುಡುಗನ ಧೈರ್ಯ ಮೆಚ್ಚಿ ಸೇರಿಸಿಕೊಂಡರು.

ಅಲ್ಲಿಂದ ಮುಂದೆ 11 ವರ್ಷ ಜೈಂಟ್ಸ್, ಮೂರು ವರ್ಷ ಗ್ರೀನ್ ಬೇ ಪ್ಯಾಕರ್ಸ್, ಒಟ್ಟು 14 ವರ್ಷ ಆಡಿದ. ಒಂದು ಹಂತದಲ್ಲಿ ಸತತ 158 ಪಂದ್ಯ ತಪ್ಪಿಸದೆ ಆಡಿದ್ದಾನೆ.

1950ರ ಒಂದು ಪಂದ್ಯ ನನಗೆ ಬಹಳ ಸೇರುತ್ತದೆ. ಕ್ಲೀವ್‌ಲ್ಯಾಂಡ್ ಬ್ರೌನ್ಸ್ ಎಂಬ ತಂಡ ಬೇರೊಂದು ಲೀಗಿನಲ್ಲಿ ನಾಲ್ಕು ವರ್ಷ ಸಾಲಾಗಿ ಗೆದ್ದು ಈ ಲೀಗಿಗೆ ಬಂದಿತ್ತು. ಅವರು ಚೆಂಡು ಎಸೆಯುವುದರಲ್ಲಿ ನಿಸ್ಸೀಮರು. ಜೈಂಟ್ಸ್ ಗುರು ಸ್ಟೀವ್ ಓವನ್ ಒಂದು ಉಪಾಯ ಮಾಡಿದರು. ಅಂಚಿನವರು ಬೇಕಾದಾಗ ಹಿಂದೆ ಸರಿಯಬೇಕು, ಹಿಂದಿನ ನಾಲ್ವರು ಕಮಾನಿನಂತೆ ಹರಡಿ ನಿಲ್ಲಬೇಕು. ಮೇಲಿನಿಂದ ನೋಡಿದರೆ ಬಿಚ್ಚಿದ ಕೊಡೆಯ ಆಕಾರ. ಆ ನಾಲ್ವರಲ್ಲಿ ಟನೆಲ್ ಒಬ್ಬ. ಪಂದ್ಯ ಮುಗಿದಾಗ ಜೈಂಟ್ಸ್ 6, ಬ್ರೌನ್ಸ್ 0. ಬ್ರೌನ್ಸ್ ಒಂದೂ ಅಂಕವಿಲ್ಲದೆ ಸೋತದ್ದು ಅದೇ ಮೊದಲು. ಬಲದ ಎದುರು ಬಲ ಹಾಕದೆ ನಿಲ್ಲುವ ಜಾಗ ಬದಲಿಸಿ ಗೆದ್ದರು. ನಮ್ಮ ಕಬಡ್ಡಿ ತಂಡದವರು ಇದನ್ನು ಎರಡು ಸಲ ಓದಬೇಕು.

1952ರಲ್ಲಿ ಇನ್ನೊಂದು ವಿಚಿತ್ರ ನಡೆಯಿತು. ಆ ವರ್ಷ ಲೀಗಿನಲ್ಲಿ ಚೆಂಡು ಹೊತ್ತು ಓಡುವವರಲ್ಲಿ ಮೊದಲಿಗ ಡ್ಯಾನ್ ಟೌಲರ್, 894 ಗಜ. ತಡೆಯುವ ಕೆಲಸದ ಟನೆಲ್, ಕಸಿದ ಚೆಂಡು ಮತ್ತು ಎದುರಿನವರು ಒದ್ದ ಚೆಂಡು ಹಿಡಿದು ಓಡಿದ್ದೇ 900 ಗಜ ದಾಟಿತು! ಹಿಡಿಯುವವನು ಓಡುವವನನ್ನು ಓಟದಲ್ಲೇ ಹಿಂದೆ ಹಾಕಿದ.

1956ರಲ್ಲಿ ಜೈಂಟ್ಸ್ ಚಾಂಪಿಯನ್ ಆಯಿತು. 1959ರಲ್ಲಿ ಟನೆಲ್ ಪ್ಯಾಕರ್ಸ್‌ಗೆ ಹೋದ. 1961ರ ಫೈನಲ್‌ನಲ್ಲಿ ಪ್ಯಾಕರ್ಸ್ ಎದುರು ಬಂದದ್ದು ಹಳೆಯ ಜೈಂಟ್ಸ್ ತಂಡವೇ. ಪ್ಯಾಕರ್ಸ್ 37-0ಯಿಂದ ಗೆದ್ದಿತು. ಆತನಿಗೆ ಒಳಗೆ ಹೇಗನಿಸಿತೋ! ಆ ವರ್ಷವೇ ಆಟ ಬಿಟ್ಟ. ಒಟ್ಟು ಇಂಟರ್‌ಸೆಪ್ಷನ್ 79. ಈ ದಾಖಲೆಯನ್ನು 1979ರಲ್ಲಿ ಪಾಲ್ ಕ್ರೌಸ್ ಮುರಿದ. ಇಂದಿಗೂ ಆ ಪಟ್ಟಿಯಲ್ಲಿ ಟನೆಲ್‌ಗೆ ಎರಡನೇ ಸ್ಥಾನ.

1967ರಲ್ಲಿ ಒಹಾಯೊ ರಾಜ್ಯದ ಕ್ಯಾಂಟನ್‌ನಲ್ಲಿರುವ ಫುಟ್‌ಬಾಲ್ ಕೀರ್ತಿ ಭವನದಲ್ಲಿ ಟನೆಲ್‌ನನ್ನು ಸೇರಿಸಿದರು. ಅಲ್ಲಿ ಸೇರಿದ ಮೊದಲ ಕಪ್ಪು ಆಟಗಾರ ಆತ. ಬರೀ ತಡೆಯುವ ಆಟದಿಂದ ಆ ಗೌರವ ಪಡೆದವರಲ್ಲಿಯೂ ಮೊದಲಿಗ. ಆಟ ಬಿಟ್ಟ ಮೇಲೆ ಜೈಂಟ್ಸ್‌ನಲ್ಲಿ ಹೊಸ ಹುಡುಗರಿಗೆ ಕಲಿಸುವ ಕೆಲಸ ಮಾಡಿದ. 1975ರ ಜುಲೈ 23ರಂದು ತಂಡದ ತರಬೇತಿ ಶಿಬಿರದಲ್ಲಿಯೇ ಹೃದಯಾಘಾತವಾಗಿ ತೀರಿಕೊಂಡ. ವಯಸ್ಸು ಬರೀ 51.

ಈಗ ಹಡಗಿನ ಮಾತು. 1944ರ ಏಪ್ರಿಲ್‌ನಲ್ಲಿ ಟನೆಲ್ ಇದ್ದ ಎಟಾಮಿನ್ ಎಂಬ ಸರಕು ಹಡಗು ನ್ಯೂಗಿನಿಯ ಹತ್ತಿರ ನಿಂತಿತ್ತು. ಜಪಾನಿನವರ ಟಾರ್ಪಿಡೊ ಬಡಿದು ಬೆಂಕಿ ಹತ್ತಿತು. ಒಬ್ಬ ಜೊತೆಗಾರನ ಮೈಗೆ ಬೆಂಕಿ ಹತ್ತಿದ್ದು ಕಂಡ ಟನೆಲ್ ಬರಿಗೈಯಿಂದ ಬಡಿದು ಅದನ್ನು ಆರಿಸಿ, ಅವನನ್ನು ಹೊತ್ತು ಸುರಕ್ಷಿತ ಜಾಗಕ್ಕೆ ಒಯ್ದ. ತಾನೂ ಸುಟ್ಟುಕೊಂಡ. 1946ರ ಮಾರ್ಚ್‌ನಲ್ಲಿ ನ್ಯೂಫೌಂಡ್‌ಲ್ಯಾಂಡ್ ಹತ್ತಿರ ಟ್ಯಾಂಪಾ ಹಡಗಿನಿಂದ ಇನ್ನೊಬ್ಬ ಸಮುದ್ರಕ್ಕೆ ಬಿದ್ದ. ನೀರು ಸೊನ್ನೆ ಡಿಗ್ರಿ, ಅಂದ್ರ ಮಂಜುಗಡ್ಡೆಯಷ್ಟು ತಣ್ಣಗ. ನಮಗ ಸಂಕ್ರಾಂತಿ ದಿನ ಮಲಪ್ರಭಾ ಹೊಳಿಯಾಗ ಮುಳುಗು ಹಾಕಿದರ ಹಲ್ಲು ಕಟಕಟ ಅಂತಾವ. ಟನೆಲ್ ಹಿಂದೆಮುಂದೆ ನೋಡದೆ ಹಾರಿ ಅವನನ್ನೂ ಉಳಿಸಿದ. ಸೈನ್ಯ ಬೇಡ ಎಂದಿದ್ದ ಅದೇ ಕುತ್ತಿಗೆಯವನು, ಊಟ ಬಡಿಸುವ ಕೆಲಸದವನು.

79 ಚೆಂಡು ಹಿಡಿದದ್ದನ್ನು ಕೂಡಲೇ ಲೆಕ್ಕ ಬರೆದಿಟ್ಟರು. ಈ ಇಬ್ಬರನ್ನು ಹಿಡಿದೆತ್ತಿದ್ದಕ್ಕೆ ಬೆಳ್ಳಿಯ ಜೀವರಕ್ಷಕ ಪದಕ ಬಂದದ್ದು 2011ರಲ್ಲಿ. ಅಷ್ಟರಲ್ಲಿ ಟನೆಲ್ ತೀರಿಕೊಂಡು 36 ವರ್ಷ ಆಗಿತ್ತು. ಮನೆಯವರು ಪದಕ ಇಸಿದುಕೊಂಡರು. ನನಗಂತೂ ಇದು ಸಮಾಧಾನ ಆಗಿಲ್ಲ. ಕೊಡುವುದಿದ್ದರೆ ಮನುಷ್ಯ ಇದ್ದಾಗ ಕೊಡಬೇಕಿತ್ತು.

2021ರಲ್ಲಿ ಕರಾವಳಿ ಕಾವಲು ಪಡೆ ತನ್ನ ಒಂದು ಹೊಸ ನೌಕೆಗೆ ಎಮ್ಲೆನ್ ಟನೆಲ್ ಎಂದು ಹೆಸರಿಟ್ಟು ಫಿಲಡೆಲ್ಫಿಯಾದಲ್ಲಿ ಸೇವೆಗೆ ಇಳಿಸಿತು. ಅಲ್ಲಿಂದ ಅದನ್ನು ಬಹರೇನ್‌ಗೆ ಕಳಿಸಿದರು. ಭೂಪಟ ತೆಗೆದು ನೋಡಿರಿ, ನಮ್ಮ ಗೋವಾ, ಕಾರವಾರದ ಅದೇ ಅರಬ್ಬೀ ಸಮುದ್ರ ದಾಟಿದರೆ ಆ ಕಡೆ ಪರ್ಶಿಯಾ ಕೊಲ್ಲಿಯಲ್ಲಿ ಬಹರೇನ್.