ಶೋತಾರೊ ಇಶಿನೊಮೊರಿ

ಶೋತಾರೊ ಇಶಿನೊಮೊರಿ (25 ಜನವರಿ 1938 – 28 ಜನವರಿ 1998) ಜಪಾನಿನ ಪ್ರಸಿದ್ಧ ಮಂಗಾ (ಚಿತ್ರಕಥೆ) ಕಲಾವಿದರು. ಬಣ್ಣಬಣ್ಣದ ಮುಖವಾಡ ತೊಟ್ಟ ವೀರರ ತಂಡದ ಕಥೆ ಹೇಳುವ ಸೂಪರ್ ಸೆಂಟೈ ದೂರದರ್ಶನ ಸರಣಿಗಳು ಇವರ ಕಲ್ಪನೆಯಿಂದ ಆರಂಭವಾದವು. ನಿಜನಾಮ ಶೋತಾರೊ ಒನೊಡೆರಾ.

ಆರಂಭಿಕ ಜೀವನ

ಮಿಯಾಗಿ ಪ್ರಾಂತ್ಯದ ಇಶಿನೊಮೊರಿ ಇವರ ಹುಟ್ಟೂರು. ಊರಿನ ಹೆಸರನ್ನೇ ಅಂಕಿತನಾಮವಾಗಿ ಇಟ್ಟುಕೊಂಡರು. ಓದುಗರು ಆ ಲಿಪಿಯನ್ನು ಇಶಿಮೊರಿ ಎಂದು ಓದುತ್ತಿದ್ದುದರಿಂದ 1980ರ ದಶಕದಲ್ಲಿ ಬರಹವನ್ನು ತಿದ್ದಿಕೊಂಡರು. ಹಳೆಯ ಸರಣಿಗಳಲ್ಲಿ ಕಾಣುವ ಇಶಿಮೊರಿ ಬೇರೆ ವ್ಯಕ್ತಿಯಲ್ಲ.

ಶಾಲಾ ವಿದ್ಯಾರ್ಥಿಯಾಗಿದ್ದಾಗಲೇ, 1954ರಲ್ಲಿ, ಮೊದಲ ಕೃತಿ ಪ್ರಕಟವಾಯಿತು. ಒಸಾಮು ತೆಜುಕಾ ಅವರಿಗೆ ಚಿತ್ರರಚನೆಯಲ್ಲಿ ಸಹಾಯಕರಾದರು. ಟೋಕಿಯೊದ ಟೋಕಿವಾ-ಸೋ ವಸತಿಗೃಹದಲ್ಲಿ ಇತರ ಯುವ ಕಲಾವಿದರೊಂದಿಗೆ ನೆಲೆಸಿದರು. ಇವರ ಕಲೆಗೆ ಬೆಂಬಲವಾಗಿದ್ದ ಅಕ್ಕ ಅಸ್ತಮಾದಿಂದ 1958ರಲ್ಲಿ ತೀರಿಕೊಂಡರು.

ದೂರದರ್ಶನ ಸರಣಿಗಳು

1964ರಲ್ಲಿ ಆರಂಭವಾದ ಸೈಬೋರ್ಗ್ 009 ಕೃತಿಯಲ್ಲಿ ಬೇರೆ ಬೇರೆ ದೇಶಗಳ ಒಂಬತ್ತು ಮಂದಿ ಒಂದಾಗಿ ಹೋರಾಡುತ್ತಾರೆ; ಮುಂದಿನ ತಂಡಕಥೆಗಳ ಬೀಜ ಇಲ್ಲಿಯೇ ಇದೆ ಎನ್ನಬಹುದು. ತೋಯೆ ಸಂಸ್ಥೆ ನಿರ್ಮಿಸಿದ ಕಾಮೆನ್ ರೈಡರ್ 1971ರ ಏಪ್ರಿಲ್ 3ರಂದು ಪ್ರಸಾರ ಆರಂಭಿಸಿತು. ಅದರ ನಾಯಕ ಒಂಟಿ ವೀರ.

1975ರ ಏಪ್ರಿಲ್ 5ರಂದು ಹಿಮಿತ್ಸು ಸೆಂಟೈ ಗೊರೆಂಜರ್ ತೆರೆಗೆ ಬಂತು. ಕೆಂಪು, ನೀಲಿ, ಹಳದಿ, ಗುಲಾಬಿ, ಹಸಿರು ಉಡುಪಿನ ಐವರು ಕಪ್ಪು ಶಿಲುಬೆಯ ಸೇನೆಯನ್ನು ಎದುರಿಸುವ ಈ ಕಥೆ 84 ಸಂಚಿಕೆಗಳಷ್ಟು ನಡೆಯಿತು. ಹಳದಿ ವೀರನಿಗೆ ಕರಿ-ಅನ್ನವೆಂದರೆ ಪ್ರಾಣ ಎಂಬುದು ಭಾರತೀಯ ನೋಡುಗರಿಗೆ ಸ್ವಾರಸ್ಯಕರ. ಮುಂದಿನ ಸರಣಿ ಜಾಕರ್ 35 ಸಂಚಿಕೆಗಳಿಗೇ ಮುಗಿಯಿತು. 1979ರ ನಂತರದ ತಂಡಕಥೆಗಳಲ್ಲಿ ಇಶಿನೊಮೊರಿಯವರ ಪಾತ್ರವಿರಲಿಲ್ಲ. ಅವುಗಳಲ್ಲಿ ದೈತ್ಯ ಯಂತ್ರಮಾನವ ಸೇರಿಕೊಂಡದ್ದರಿಂದ, ಅದಿಲ್ಲದ ಮೊದಲ ಎರಡು ಸರಣಿಗಳು ಬಹುಕಾಲ ಸೂಪರ್ ಸೆಂಟೈ ಎಣಿಕೆಯಿಂದಲೇ ಹೊರಗುಳಿದವು. ಮೂಲವನ್ನೇ ಬಿಟ್ಟ ಈ ಲೆಕ್ಕ ವಿಚಿತ್ರವಾಗಿತ್ತು. ಅನಂತರ ಅವುಗಳನ್ನು ಸೇರಿಸಲಾಯಿತು. ಭಾರತದ ಮಕ್ಕಳಿಗೆ ಈ ಪರಂಪರೆ ಪರಿಚಯವಾದದ್ದು 1993ರ ಅಮೆರಿಕನ್ ರೂಪಾಂತರ ಪವರ್ ರೇಂಜರ್ಸ್ ಮೂಲಕ.

ನಿಧನ ಮತ್ತು ಸಂರಕ್ಷಣೆ

60 ವರ್ಷ ತುಂಬಿದ ಮೂರು ದಿನಗಳಲ್ಲೇ ನಿಧನರಾದರು. ಇವರು ರಚಿಸಿದ 1,28,000ಕ್ಕೂ ಹೆಚ್ಚು ಪುಟಗಳು ಗಿನ್ನೆಸ್ ದಾಖಲೆಗೆ ಸೇರಿವೆ. ಬಾಲ್ಯದಲ್ಲಿ ಸಿನಿಮಾ ನೋಡಲು ಸೈಕಲ್ ತುಳಿದು ಹೋಗುತ್ತಿದ್ದ ಇಶಿನೊಮಾಕಿ ಪಟ್ಟಣದಲ್ಲಿ 2001ರಲ್ಲಿ ಇವರ ಹೆಸರಿನ ವಸ್ತುಸಂಗ್ರಹಾಲಯ ತೆರೆಯಿತು. 2011ರ ಮಾರ್ಚ್ 11ರ ಸುನಾಮಿಯಲ್ಲಿ ಅದರ ಕೆಳ ಅಂತಸ್ತು ಮುಳುಗಿದರೂ ಮೇಲಿದ್ದ ಮೂಲ ಚಿತ್ರಗಳು ಉಳಿದವು. 1982ರಲ್ಲಿ ಕೆಡವಲಾದ ಟೋಕಿವಾ-ಸೋ ಕಟ್ಟಡವನ್ನು 2020ರಲ್ಲಿ ಮೊದಲಿನ ರೂಪದಲ್ಲೇ ಮರುನಿರ್ಮಿಸಲಾಯಿತು. ಅದೇ ವರ್ಷ ತೋಯೆ ಸಂಸ್ಥೆ ಯೂಟ್ಯೂಬ್‌ನಲ್ಲಿ ಅಧಿಕೃತ ವಾಹಿನಿ ತೆರೆದು, ತನ್ನ ಹಳೆಯ ವೀರಕಥಾ ಸರಣಿಗಳ ಆರಂಭದ ಸಂಚಿಕೆಗಳನ್ನು ವಿದೇಶಿ ವೀಕ್ಷಕರಿಗೂ ಒದಗಿಸಿತು.