ಎಡಗೈ ಚೆಂಡೆಸೆತಗಾರ ಪಾಲವಣಕರ ಬಾಳೂ

ಕ್ರಿಕೆಟ್ ಆಟವು ಆಂಗ್ಲರೊಡನೆ ನಮ್ಮ ದೇಶಕ್ಕೆ ಬಂದುದು. ಆ ಆಂಗ್ಲರ ನೆಲಕ್ಕೇ ಹೋಗಿ ಅಲ್ಲಿನ ಕೌಂಟಿ ತಂಡಗಳ ದಾಂಡಿಗರನ್ನು ಕಂಗೆಡಿಸಿದ ಭಾರತೀಯರಲ್ಲಿ ಅಗ್ರಗಣ್ಯರೆನಿಸಿದ ಪಾಲವಣಕರ ಬಾಳೂ ಅವರು ಜನಿಸಿದ್ದು ನಮ್ಮ ಧಾರವಾಡದಲ್ಲಿ, 1876ರ ಮಾರ್ಚ್ 19ರಂದು. ನಂಜನಗೂಡಿನ ಕಪಿಲಾ ತೀರದಲ್ಲಾಗಲಿ, ತಿರುಮಕೂಡಲು ನರಸೀಪುರದ ಬಯಲುಗಳಲ್ಲಾಗಲಿ ರಜಾದಿನಗಳಂದು ಚೆಂಡೆಸೆಯುವ ಬಾಲಕರಿಗೆ ಈ ಹೆಸರು ಅಪರಿಚಿತವಾಗಿರುವುದು ವಿಷಾದಕರ.

ಅಂದಿನ ಸಮಾಜವು ಅಸ್ಪೃಶ್ಯರೆಂದು ದೂರವಿರಿಸಿದ್ದ ಚರ್ಮಕಾರ ಕುಟುಂಬ ಅವರದು. ತಂದೆ ಸೈನ್ಯದ ಸೇವೆಯಲ್ಲಿದ್ದುದರಿಂದ ಬಾಲ್ಯವು ಪುಣೆಯಲ್ಲಿ ಕಳೆಯಿತು. ಬಿಳಿಯ ಅಧಿಕಾರಿಗಳು ಬಿಸುಟ ಹಳೆಯ ಸಾಮಗ್ರಿಗಳಿಂದ ಬಾಳೂ ಮತ್ತು ಅವರ ತಮ್ಮ ಶಿವರಾಂ ಆಟ ಕಲಿತರು. ಪಾರಸಿಗಳ ಕ್ರಿಕೆಟ್ ಸಂಘದಲ್ಲಿ ತಿಂಗಳಿಗೆ ಮೂರು ರೂಪಾಯಿ ಸಂಬಳಕ್ಕೆ ಅಂಗಣ ಗುಡಿಸುವುದು ಬಾಳೂ ಅವರ ಮೊದಲ ಉದ್ಯೋಗ. 1892ರ ಸುಮಾರಿಗೆ ಆಂಗ್ಲರ ಪೂನಾ ಕ್ಲಬ್ಬಿಗೆ ಬಂದಾಗ ಅದು ನಾಲ್ಕು ರೂಪಾಯಿಯಾಯಿತು. ಬಲೆ ಕಟ್ಟುವುದು, ಉರುಳೆ ಎಳೆಯುವುದು, ಬಿಡುವಾದಾಗ ದೊರೆಗಳಿಗೆ ಚೆಂಡೆಸೆಯುವುದು, ಇಷ್ಟೇ ಅವರ ಕೆಲಸ. ಮುಂದೆ ಇಂಗ್ಲೆಂಡಿನ ಹ್ಯಾಂಪ್‌ಷೈರ್ ಕೌಂಟಿಗೂ ಆಡಿದ ಗ್ರೇಗ್ ಎಂಬ ಅಧಿಕಾರಿ ಉಳಿದವರಿಗಿಂತ ಮುಂಚೆಯೇ ಬಂದು ಬಾಳೂ ಅವರ ಎಸೆತಗಳನ್ನೆದುರಿಸಿ ಅಭ್ಯಾಸ ಮಾಡುತ್ತಿದ್ದರು. ತಮ್ಮನ್ನು ಔಟ್ ಮಾಡಿದಾಗಲೆಲ್ಲ ಎಂಟಾಣೆ ಕೊಡುತ್ತಿದ್ದರೆಂಬ ಪ್ರತೀತಿಯೂ ಇದೆ. ದಾಂಡು ಹಿಡಿಯುವ ಅವಕಾಶವನ್ನು ಮಾತ್ರ ಅಲ್ಲಿ ಯಾರೂ ಅವರಿಗೆ ಕೊಡಲಿಲ್ಲ.

ಬಾಳೂ ಬಿರುಸಿನ ಎಸೆತಗಾರರಲ್ಲ. ಎಡಗೈಯಿಂದ ನಿಧಾನವಾಗಿ ಎಸೆದ ಚೆಂಡನ್ನು ಎರಡೂ ಕಡೆಗೆ ತಿರುಗಿಸುತ್ತ, ವೇಗವನ್ನು ಏರಿಳಿಸುತ್ತ ಎದುರಾಳಿಯನ್ನು ಮೋಸಗೊಳಿಸುವುದು ಅವರ ರೀತಿ. ಈ ಕೈಚಳಕವು ಪುಣೆಯ ಹಿಂದೂ ತಂಡಕ್ಕೆ ಬೇಕಾಯಿತು. ಆ ಕೈಯ ನೀರು ಬೇಡವಾಯಿತು. ಮೈದಾನದಲ್ಲಿ ಎಲ್ಲರೂ ಅದೇ ಚೆಂಡನ್ನು ಮುಟ್ಟುವರು. ಆದರೆ ವಿರಾಮವಾದೊಡನೆ ಬಾಳೂ ಅವರಿಗೆ ಹೊರಗಡೆ ಮಣ್ಣಿನ ಕುಡಿಕೆಯಲ್ಲಿ ಚಹಾ, ಬೇರೆಯೇ ಊಟದ ತಟ್ಟೆ. ಗೆಲುವುಗಳು ಬಂದಂತೆ ಈ ಕಟ್ಟು ಸಡಿಲಿತು. ಆಟಕ್ಕೆ ಬೇಕಾದವನು ಪಂಕ್ತಿಗೆ ಬೇಡವಾಗುವುದು ಹೇಗೆಂಬ ಪ್ರಶ್ನೆಯನ್ನು ಮಹಾದೇವ ಗೋವಿಂದ ರಾನಡೆಯವರಂತಹ ಸುಧಾರಕರೂ ಎತ್ತಿದರು.

ಪುಣೆಯಲ್ಲಿ ಪ್ಲೇಗ್ ಹಬ್ಬಿದಾಗ ಬಾಳೂ ಮುಂಬಯಿಗೆ ತೆರಳಿ ರೈಲ್ವೆ ಉದ್ಯೋಗ ಹಿಡಿದರು, ಹಿಂದೂ ಜಿಮಖಾನೆಗೆ ಆಡಿದರು. 1906ರಲ್ಲಿ ಹಿಂದೂಗಳು ಯೂರೋಪಿಯನ್ನರನ್ನು 109 ಓಟಗಳಿಂದ ಸೋಲಿಸಿದಾಗ ಆ ಜಯದಲ್ಲಿ ಬಾಳೂ, ಶಿವರಾಂ ಇಬ್ಬರ ಪಾಲೂ ಇತ್ತು.

ಪಟಿಯಾಲದ ಮಹಾರಾಜ ಭೂಪಿಂದರ್ ಸಿಂಗರ ನಾಯಕತ್ವದಲ್ಲಿ 1911ರಲ್ಲಿ ಭಾರತದ ತಂಡವು ಇಂಗ್ಲೆಂಡಿಗೆ ಹೊರಟಿತು. ತಂಡಕ್ಕೆ ಗೆಲುವಿಗಿಂತ ಸೋಲುಗಳೇ ಹೆಚ್ಚು. ಆದರೆ 35 ವರ್ಷದ ಬಾಳೂ ಆ ಪ್ರವಾಸದಲ್ಲಿ ನೂರಕ್ಕೂ ಹೆಚ್ಚು ಹುದ್ದರಿಗಳನ್ನು ಉರುಳಿಸಿದರು. ಕೇಂಬ್ರಿಜ್ ವಿಶ್ವವಿದ್ಯಾನಿಲಯದ ವಿರುದ್ಧ ಒಂದೇ ಸರದಿಯಲ್ಲಿ ಎಂಟು. ಲೀಸ್ಟರ್‌ಷೈರ್ ಕೌಂಟಿಯ ವಿರುದ್ಧ ಪಂದ್ಯದಲ್ಲಿ ಹನ್ನೊಂದು, ಮತ್ತು ಜಯ.

ಇಷ್ಟಾದರೂ ಹಿಂದೂ ತಂಡದ ನಾಯಕಪದವಿಯು ಅವರಿಗೆ ದೊರೆಯಲಿಲ್ಲ. ಅರ್ಹತೆಯ ಕೊರತೆ ಕಾರಣವಲ್ಲವೆಂಬುದು ಎಲ್ಲರಿಗೂ ತಿಳಿದಿತ್ತು. 1920ರಲ್ಲಿ ಅಣ್ಣನಿಗೆ ತಂಡದಲ್ಲಿ ಸ್ಥಾನ ತಪ್ಪಿದಾಗ ತಮ್ಮಂದಿರಾದ ಶಿವರಾಂ ಮತ್ತು ವಿಠ್ಠಲ ಪ್ರತಿಭಟಿಸಿ ಹೊರನಡೆದರು. ಬಳಿಕ ಬಾಳೂ ಅವರನ್ನು ಉಪನಾಯಕರನ್ನಾಗಿ ಕರೆಯಲಾಯಿತು. ನಾಯಕ ಪೈ ಅಂಗಣದಿಂದ ಹೊರಗುಳಿದ ಕೆಲಹೊತ್ತು ಅವರೇ ತಂಡವನ್ನು ನಡೆಸಿದರು. ಪೂರ್ಣ ನಾಯಕತ್ವ ಮನೆಗೆ ಬಂದುದು 1923ರಲ್ಲಿ, ವಿಠ್ಠಲರಿಗೆ. ಆ ವರ್ಷ ಯೂರೋಪಿಯನ್ನರನ್ನು ಮಣಿಸಿ ಚತುಷ್ಕೋಣ ಪಂದ್ಯಾವಳಿಯನ್ನೂ ಹಿಂದೂ ತಂಡ ಗೆದ್ದಿತು.

ಮುಂದೆ ಬಾಳೂ ರಾಜಕೀಯಕ್ಕಿಳಿದು, 1932ರ ಪೂನಾ ಒಪ್ಪಂದಕ್ಕೆ ಸಹಿ ಹಾಕಿದವರಲ್ಲೊಬ್ಬರಾದರು. 1937ರ ಮುಂಬಯಿ ಶಾಸನಸಭೆಯ ಚುನಾವಣೆಯಲ್ಲಿ ಕಾಂಗ್ರೆಸ್ಸಿನ ಪರವಾಗಿ ಡಾ. ಅಂಬೇಡ್ಕರರನ್ನೇ ಎದುರಿಸಿ ಸೋತರು.

ಪ್ರಥಮ ದರ್ಜೆಯ 33 ಪಂದ್ಯಗಳಲ್ಲಿ ಅವರು ಪಡೆದುದು 179 ಹುದ್ದರಿಗಳು. ಭಾರತವು ತನ್ನ ಮೊದಲ ಟೆಸ್ಟ್ ಪಂದ್ಯವನ್ನು ಲಾರ್ಡ್ಸ್ ಅಂಗಣದಲ್ಲಿ ಆಡಿದ 1932ರ ವೇಳೆಗೆ ಅವರಿಗೆ 56 ವರ್ಷ; ಟೆಸ್ಟ್ ಆಟಗಾರರ ಪಟ್ಟಿಯಲ್ಲಿ ಆದುದರಿಂದ ಅವರ ಹೆಸರಿಲ್ಲ. 1955ರ ಜುಲೈ 4ರಂದು ಮುಂಬಯಿಯಲ್ಲಿ ಅವರು ನಿಧನರಾದರು.