ಚಿತ್ರಕಾರ ಕೆ. ವೆಂಕಟಪ್ಪನವರು

ಕಾವಿಯುಡದೆಯೂ ವಿರಕ್ತರಂತೆ ಬಾಳಿದವರಲ್ಲಿ ಚಿತ್ರಕಾರ ವೆಂಕಟಪ್ಪನವರು ಒಬ್ಬರು. ಮೈಸೂರು ಅರಮನೆಯ ಆಶ್ರಯದಲ್ಲಿದ್ದ ಚಿತ್ರಗಾರರ ವಂಶದಲ್ಲಿ ಇವರು ೧೮೮೬ರಲ್ಲಿ ಜನಿಸಿದರು. ನಾಲ್ವಡಿ ಕೃಷ್ಣರಾಜ ಒಡೆಯರ ಪೋಷಣೆಯಿಂದ ೧೯೦೯ರಲ್ಲಿ ಕಲಕತ್ತೆಗೆ ತೆರಳಿ, ಅವನೀಂದ್ರನಾಥ ಠಾಕೂರರ ಶಿಷ್ಯರಾದರು. ಆ ಗುರುಗಳ ಪದ್ಧತಿಯಲ್ಲಿ ಕಣ್ಣೆದುರಿನ ವಸ್ತುವಿಗಿಂತ ಅಂತರಂಗದ ಭಾವಕ್ಕೇ ಅಗ್ರಸ್ಥಾನ. ಅಂತೆಯೇ ಇವರೂ ಅಲ್ಲಿ ರಾಮಾಯಣಾದಿ ಪುರಾಣಚಿತ್ರಗಳನ್ನು ಬರೆದರು.

ನಾಡಿಗೆ ಮರಳಿದ ತರುವಾಯ ದಾರಿ ಬೇರೆಯಾಯಿತು. ೧೯೨೬ರ ಸುಮಾರಿಗೆ ಉದಕಮಂಡಲದಲ್ಲಿಯೂ ಅನಂತರ ಕೊಡೈಕಾನಲಿನಲ್ಲಿಯೂ ಬೆಟ್ಟಗಳೆದುರು ಏಕಾಂತದಲ್ಲಿ ಕುಳಿತು, ಕಣ್ಣಾರೆ ಕಂಡುದನ್ನೇ ಜಲವರ್ಣದಲ್ಲಿ ಚಿತ್ರಿಸತೊಡಗಿದರು. ಬೆಟ್ಟದ ಮಂಜು ಗಳಿಗೆಗೊಂದು ರೂಪವನ್ನು ತಾಳುವುದು. ಜಲವರ್ಣವೋ, ಒಮ್ಮೆ ಕಾಗದಕ್ಕಿಳಿದರೆ ತಿದ್ದುವುದಕ್ಕೆ ಸುಲಭವಾಗಿ ಒಗ್ಗದು. ಈ ಎರಡು ಚಂಚಲಗಳನ್ನು ಕೂಡಿಸುವುದಕ್ಕೆ ತಾಳ್ಮೆಯಲ್ಲದೆ ಬೇರೆ ಸಾಧನವಿಲ್ಲ. ಚದುರುತ್ತಿರುವ ಮುಂಗಾರು ಮೋಡ, ಬೆಳುದಿಂಗಳಲ್ಲಿ ಮಲಗಿದ ಊರು, ಸರೋವರದ ಮೇಲಣ ಮಬ್ಬು ಇವರ ಕೈಯಲ್ಲಿ ಅಲುಗದೆ ನಿಂತುವು. ಗುರುಮಾರ್ಗವನ್ನು ಬಿಟ್ಟರೆಂದು ಶಿಷ್ಯವರ್ಗಕ್ಕೆ ಸಂದೇಹ ಬರಬಹುದು. ಆದರೆ ಗುರುವು ತೆರೆಸಿದ ಕಣ್ಣಿನಿಂದ ಗುರುವು ನೋಡದ ಬೆಟ್ಟವನ್ನು ನೋಡಿದುದು ದ್ರೋಹವೆನಿಸದು.

ವೆಂಕಟಪ್ಪನವರು ಮದುವೆಯಾಗಲಿಲ್ಲ. ವೀಣೆ ಶೇಷಣ್ಣನವರಲ್ಲಿ ವೀಣೆಯನ್ನು ಕಲಿತು, ಅದರ ಅಭ್ಯಾಸಕ್ಕಾಗಿ ಕೆಲಕಾಲ ಚಿತ್ರಕಲೆಯನ್ನೂ ಬದಿಗಿರಿಸಿದರು. ೧೯೪೦ರಲ್ಲಿ ಮಹಾರಾಜರು ತೀರಿಕೊಂಡ ಬಳಿಕ ಬೆಂಗಳೂರಿನಲ್ಲಿ ನೆಲೆಸಿ, ತಮ್ಮ ಕೃತಿಗಳೆಲ್ಲ ಒಂದೆಡೆ ಉಳಿಯಬೇಕೆಂದು ಹಂಬಲಿಸಿದರು. ೧೯೬೪ರಲ್ಲಿ ಲಲಿತಕಲಾ ಅಕಾಡೆಮಿಯ ಗೌರವ ಸಂದಿತು, ಮರುವರ್ಷವೇ ದೇಹಬಿಟ್ಟರು. ಬೆಂಗಳೂರಿನ ಕಸ್ತೂರಬಾ ರಸ್ತೆಯಲ್ಲಿ ಅವರ ಹೆಸರಿನ ಚಿತ್ರಶಾಲೆ ಆಮೇಲೆ ಎದ್ದಿತು.